ಬದಲಿ ನಾಯಕನೇ? ಕೊಯಮತ್ತೂರಿನಲ್ಲಿ ಹೊನ್ನಪ್ಪ ಭಾಗವತರ್ ಅವರ ತಮಿಳು ವರ್ಷಗಳು

(ವಿಭಾಗದ ಆನ್‌ಲೈನ್ ಸೆಮಿನಾರಿನಲ್ಲಿ ಮಾತಾಡಿದ್ದರ ಬರಹರೂಪ. ಮಾತಿನ ಧಾಟಿ ಅಲ್ಲಲ್ಲಿ ಉಳಿದಿದೆ, ಬೇಕೆಂದೇ ಉಳಿಸಿದ್ದೇನೆ. ಕೊನೆಯ ಪ್ರಶ್ನೋತ್ತರದಲ್ಲಿ ವಿಷಯಕ್ಕೆ ಬೇಕಾದಷ್ಟನ್ನು ಮಾತ್ರ ಸೇರಿಸಿದೆ.)

ಧ್ವನಿ ಸರಿಯಾಗಿ ಕೇಳ್ತಿದೆ ಅಂದುಕೊಂಡು ಶುರು ಮಾಡ್ತೀನಿ. ನಾನು ಮಾತಾಡ್ತಿರೋದು ಪೋತ್ತನೂರಿನಿಂದ. ನಡುನಡುವೆ ರೈಲಿನ ಸದ್ದು ಬಂದರೆ ಕ್ಷಮಿಸಿ, ಮನೆ ಹಳಿಯ ಪಕ್ಕದಲ್ಲೇ ಇದೆ.

ಹೋದ ವಾರದ ಪ್ರಬಂಧ ಉಕ್ರೇನಿನ ನಟ ಸೆಮೆನ್ ಸ್ವಾಶೆಂಕೊ ಬಗ್ಗೆ ಇತ್ತು. ಲೆಸ್ ಕುರ್ಬಾಸ್ ಅವರ ಬೆರೆಜಿಲ್ ರಂಗತಂಡದಿಂದ ಬಂದವನು. ದೊವ್‌ಜೆಂಕೊ ನಿರ್ದೇಶನದ ‘ಜ್ವೆನಿಗೋರ’ (1928), ‘ಆರ್ಸೆನಲ್’ (1929), ‘ಅರ್ಥ್’ (1930) ಮೂರರಲ್ಲೂ ಮುಖ್ಯ ಮುಖ ಅವನದೇ. ಆಮೇಲೆ ದಶಕಗಟ್ಟಲೆ ಬದುಕಿದ, ನಟಿಸುತ್ತಲೂ ಇದ್ದ, ಆದರೆ ಚಿಕ್ಕ ಚಿಕ್ಕ ಪಾತ್ರಗಳಲ್ಲಿ. ಸಿನಿಮಾ ಚರಿತ್ರೆಯ ಪುಸ್ತಕಗಳಿಗೆ ಅವನು ಆ ಮೂರು ವರ್ಷದ ಮನುಷ್ಯ. ಅವತ್ತು ಚರ್ಚೆಯಲ್ಲಿ ಒಂದು ಪ್ರಶ್ನೆ ಬಂತು: ‘ಕಿರು ವೃತ್ತಿಜೀವನ’ ಅಂತ ನಾವು ಕರೆಯೋದು ಯಾರ ಲೆಕ್ಕದಲ್ಲಿ? ನಟನ ಲೆಕ್ಕದಲ್ಲೋ, ಆ ಚಿತ್ರೋದ್ಯಮದ ಲೆಕ್ಕದಲ್ಲೋ? ನನಗೆ ಆಗ ತಕ್ಷಣ ನೆನಪಾದದ್ದು ನಮ್ಮೂರಿಂದ ಸ್ವಲ್ಪ ದೂರದ ಸಿಂಗಾನಲ್ಲೂರು, ಅಲ್ಲಿದ್ದ ಸೆಂಟ್ರಲ್ ಸ್ಟುಡಿಯೋ, ಮತ್ತೆ ಅಲ್ಲಿ ಕೆಲವೇ ವರ್ಷ ತಮಿಳು ಚಿತ್ರಗಳ ನಾಯಕನಾಗಿದ್ದ ಒಬ್ಬ ಕನ್ನಡಿಗ. ಅವರೇ ಸಿ. ಹೊನ್ನಪ್ಪ ಭಾಗವತರ್.

ವಿಷಯ ಆರಿಸಿಕೊಂಡದ್ದಕ್ಕೆ ಇನ್ನೊಂದು ಕಾರಣವೂ ಇದೆ, ಅದನ್ನ ಮುಚ್ಚಿಡೋದಿಲ್ಲ. ನಮ್ಮದು ನೇಯ್ಗೆಯ ದೇವಾಂಗರ ಮನೆ. ಮನೆಯೊಳಗೆ ಕನ್ನಡ, ಬಾಗಿಲು ದಾಟಿದರೆ ತಮಿಳು. ಕೊಯಮತ್ತೂರು, ತಿರುಪ್ಪೂರು ಸುತ್ತ ಇಂಥ ಮನೆಗಳು ಬೇಕಾದಷ್ಟಿವೆ. ಬೆಂಗಳೂರಿನವರಿಗೆ ನಮ್ಮ ಕನ್ನಡ ವಿಚಿತ್ರವಾಗಿ ಕೇಳಿಸುತ್ತೆ, ಅದು ಬೇರೆ ಮಾತು. ನಮ್ಮಜ್ಜಿ ‘ಶ್ರೀ ಮುರುಗನ್’ ಚಿತ್ರದ ವಿಷಯ ಬಂದಾಗಲೆಲ್ಲ ಒಂದೇ ಮಾತು ಹೇಳೋರು: “ಮುರುಗನ ಏಸ ಕಟ್ಟಿದ್ದೋನು ನಮ್ಮ ಮಾತ್ನೋನು.” ಅವರ ನಾಲಗೆಯಲ್ಲಿ ಹೆಸರು ಬರ್ತಿರಲಿಲ್ಲ, ನಿರ್ದೇಶಕ, ಕಂಪನಿ ಯಾವುದೂ ಗೊತ್ತಿರಲಿಲ್ಲ. ‘ನಮ್ಮ ಮಾತ್ನೋನು’ ಅಷ್ಟೇ. ಎಂ.ಎ. ಸೇರಿದ ಮೇಲೆ ತಮಿಳು ಸಿನಿಮಾ ಕುರಿತ ಬರಹಗಳಲ್ಲಿ ಅದೇ ಚಿತ್ರವನ್ನ ಹುಡುಕಿದೆ. ಅಲ್ಲಿ ಸಿಕ್ಕಿದ್ದು ಬೇರೆ ವಿವರಣೆ: ಎಂ.ಕೆ. ತ್ಯಾಗರಾಜ ಭಾಗವತರ್ ಜೈಲಿಗೆ ಹೋದದ್ದರಿಂದ ಅವರ ಬದಲಿಗೆ ಹಾಕಿಕೊಂಡ ನಟ. ಇನ್ನು ಕನ್ನಡ ಚಿತ್ರರಂಗದ ಬರಹಗಳಿಗೆ ಬಂದರೆ, ‘ಮಹಾಕವಿ ಕಾಳಿದಾಸ’ದ ಹೊನ್ನಪ್ಪನವರಿಗೆ ಮುಂಚಿನ ತಮಿಳು ವರ್ಷಗಳು ಒಂದು ವಾಕ್ಯದಲ್ಲಿ ಮುಗಿದುಹೋಗ್ತವೆ. ಒಂದು ಕಡೆ ಬದಲಿ, ಇನ್ನೊಂದು ಕಡೆ ಪೀಠಿಕೆ. ಅಜ್ಜಿಯ ಮಾತು ಎರಡಕ್ಕೂ ಹೊಂದೋದಿಲ್ಲ. ಇವತ್ತು ನಾನು ಮುಖ್ಯವಾಗಿ ‘ಬದಲಿ’ ಅನ್ನೋ ಪದದ ಜೊತೆ ಜಗಳ ಆಡ್ತೀನಿ.

ಮೊದಲು ಜಾಗದ ಬಗ್ಗೆ ನಾಲ್ಕು ಮಾತು. ಪೋತ್ತನೂರು ಅಂದ ಕೂಡಲೇ ಇತಿಹಾಸದ ವಿದ್ಯಾರ್ಥಿಗಳಿಗೆ 1921ರ ವ್ಯಾಗನ್ ದುರಂತ ನೆನಪಾಗುತ್ತೆ. ತಿರೂರಿನಲ್ಲಿ ಮಾಪಿಳ್ಳೆ ಕೈದಿಗಳನ್ನ ತುಂಬಿದ ಮುಚ್ಚಿದ ಡಬ್ಬಿಯ ಬಾಗಿಲು ತೆಗೆದದ್ದು ಇಲ್ಲಿ. ಅದು ಬಿಟ್ಟರೆ ಇದು ಜಂಕ್ಷನ್ನು. ಮದರಾಸಿನಿಂದ ಬೇಪೂರಿಗೆ ಹೋಗುವ ರೈಲುದಾರಿ 1862ರ ಹೊತ್ತಿಗೆ ಪೋತ್ತನೂರಿನ ಮೇಲೆ ಹಾದುಹೋಯಿತು. ಕೊಯಮತ್ತೂರು ಪಟ್ಟಣಕ್ಕೆ ರೈಲು ಬಂದದ್ದು ಆಮೇಲೆ, ಮೇಟ್ಟುಪಾಳ್ಯದ ಕಡೆಯ ಕವಲುದಾರಿ ಹಾಕಿದಾಗ. ಈ ಭಾಗದ ಸಿನಿಮಾ ಚರಿತ್ರೆಯೂ ರೈಲಿನಿಂದಲೇ ಶುರುವಾಗುತ್ತೆ ಅನ್ನಬಹುದು. ಸಾಮಿಕ್ಕಣ್ಣು ವಿನ್ಸೆಂಟ್ ರೈಲ್ವೆ ನೌಕರ. 1905ರಲ್ಲಿ ಡ್ಯುಪಾಂಟ್ ಅನ್ನೋ ಫ್ರೆಂಚ್ ಪ್ರದರ್ಶಕನಿಂದ ಪ್ರೊಜೆಕ್ಟರು, ಫಿಲ್ಮು ಕೊಂಡುಕೊಂಡು ಊರೂರು ತಿರುಗಿದ, ಆಮೇಲೆ ಕೊಯಮತ್ತೂರಿನಲ್ಲಿ ವೆರೈಟಿ ಹಾಲ್ ಕಟ್ಟಿಸಿದ. 1930ರ ದಶಕದ ನಡುವೆ ಬಿ. ರಂಗಸ್ವಾಮಿ ನಾಯ್ಡು ಮುಂತಾದ ಇಲ್ಲಿನ ಗಿರಣಿ ಬಂಡವಾಳಗಾರರ ಜೊತೆ ಸೇರಿ ಸೆಂಟ್ರಲ್ ಸ್ಟುಡಿಯೋ ಎದ್ದಾಗಲೂ ಅವನಿದ್ದ. ಹತ್ತಿಯ ದುಡ್ಡು ಸಿನಿಮಾಕ್ಕೆ ಹರಿದದ್ದು ಹೀಗೆ. 1940ರ ದಶಕದಲ್ಲಿ ಜುಪಿಟರ್ ಪಿಕ್ಚರ್ಸಿನ ಎಂ. ಸೋಮಸುಂದರಂ ಮತ್ತು ಎಸ್.ಕೆ. ಮೊಹಿದೀನ್ ತಮ್ಮ ಚಿತ್ರಗಳನ್ನ ಇದೇ ಸ್ಟುಡಿಯೋದಲ್ಲಿ ತೆಗೀತಿದ್ದರು.

ಇಲ್ಲಿ ಒಂದು ಉಪಕಥೆ, ನನಗೆ ಬಹಳ ಇಷ್ಟವಾದದ್ದು. ಆಗಿನ ಕೊಯಮತ್ತೂರು ಜಿಲ್ಲೆಯಲ್ಲಿ ಸಿಂಗಾನಲ್ಲೂರು ಎರಡು. ಒಂದು ಸ್ಟುಡಿಯೋದ್ದು. ಇನ್ನೊಂದು ಕೊಳ್ಳೇಗಾಲ ತಾಲ್ಲೂಕಿನದು, ಅಂದ್ರೆ ಗುಬ್ಬಿ ಕಂಪನಿಯ ನಟ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರದು, ರಾಜಕುಮಾರ್ ಅವರ ತಂದೆಯದು. 1956ರ ನವೆಂಬರ್ 1ರವರೆಗೆ ಕೊಳ್ಳೇಗಾಲ ಮದರಾಸಿನ ಕೊಯಮತ್ತೂರು ಜಿಲ್ಲೆಗೇ ಸೇರಿತ್ತು. ರಾಜಕುಮಾರ್ ಹುಟ್ಟಿದ ಗಾಜನೂರು ಈಗಲೂ ತಮಿಳುನಾಡಿನಲ್ಲೇ, ಈರೋಡ್ ಜಿಲ್ಲೆಯಲ್ಲಿದೆ. ಆದ್ದರಿಂದ 1940ರ ದಶಕದಲ್ಲಿ ‘ಕನ್ನಡ ನಟ ತಮಿಳುನಾಡಿಗೆ ಹೋದ’ ಅಂತ ಬರೆಯುವಾಗ ಸ್ವಲ್ಪ ತಡೆಯಬೇಕು. ‘ತಮಿಳುನಾಡು’ ಅನ್ನೋ ರಾಜ್ಯವೂ ಇರಲಿಲ್ಲ, ‘ಕರ್ನಾಟಕ’ವೂ ಇರಲಿಲ್ಲ. ಮೈಸೂರು ಸಂಸ್ಥಾನದ ನಟನೊಬ್ಬ ರೈಲು ಹತ್ತಿ ಕೆಲಸ ಇರುವ ಊರಿಗೆ ಬಂದ, ಅಷ್ಟೇ.

ಆ ನಟ 1915ರಲ್ಲಿ ನೆಲಮಂಗಲ ತಾಲ್ಲೂಕಿನ ಚೌಡಸಂದ್ರದಲ್ಲಿ ಹುಟ್ಟಿದವರು. ಹಾಡುಗಾರಿಕೆ, ರಂಗಭೂಮಿ ಎರಡೂ ಜೊತೆಗೇ ಬೆಳೆದವು. ಗುಬ್ಬಿ ವೀರಣ್ಣನವರ ಬಳಗಕ್ಕೆ ಬಂದು 1941ರ ಕನ್ನಡ ಚಿತ್ರ ‘ಸುಭದ್ರಾ’ದಲ್ಲಿ ನಟಿಸಿದರು. ಆದರೆ ಆಗ ಕನ್ನಡದಲ್ಲಿ ವರ್ಷಕ್ಕೆ ಒಂದೋ ಎರಡೋ ಮೂರೋ ಚಿತ್ರ. ಸಿನಿಮಾವನ್ನೇ ನಂಬಿ ಬದುಕುತ್ತೀನಿ ಅನ್ನೋ ಕನ್ನಡ ನಟನಿಗೆ ಕನ್ನಡದಲ್ಲಿ ದಾರಿಯೇ ಇರಲಿಲ್ಲ. ತಮಿಳಿನಲ್ಲಿ ಇತ್ತು: ಸೇಲಂನಲ್ಲಿ ಟಿ.ಆರ್. ಸುಂದರಂ ಅವರ ಮಾಡರ್ನ್ ಥಿಯೇಟರ್ಸ್, ಕೊಯಮತ್ತೂರಿನಲ್ಲಿ ಸೆಂಟ್ರಲ್, ಮದರಾಸಿನಲ್ಲಿ ಇನ್ನೂ ಹಲವು.

ಈಗ ತಾರೀಖುಗಳನ್ನ ಪಕ್ಕಪಕ್ಕ ಇಡೋಣ. ನನ್ನ ವಾದ ಪೂರ್ತಿ ನಿಂತಿರೋದು ಇದರ ಮೇಲೆ.

ಲಕ್ಷ್ಮೀಕಾಂತನ್ ಅನ್ನೋ ಹಳದಿ ಪತ್ರಿಕೆಯವನ ಮೇಲೆ ಮದರಾಸಿನ ವೇಪೇರಿಯಲ್ಲಿ ಚಾಕು ಬಿದ್ದದ್ದು 1944ರ ನವೆಂಬರಿನಲ್ಲಿ. ಡಿಸೆಂಬರಿನಲ್ಲಿ ತ್ಯಾಗರಾಜ ಭಾಗವತರ್, ಹಾಸ್ಯನಟ ಎನ್.ಎಸ್. ಕೃಷ್ಣನ್, ಕೊಯಮತ್ತೂರಿನ ನಿರ್ಮಾಪಕ-ನಿರ್ದೇಶಕ ಎಸ್.ಎಂ. ಶ್ರೀರಾಮುಲು ನಾಯ್ಡು ಬಂಧನಕ್ಕೊಳಗಾದರು. ವಿಚಾರಣೆಯಲ್ಲಿ ನಾಯ್ಡು ಬಿಡುಗಡೆಯಾದರು, ಉಳಿದಿಬ್ಬರಿಗೆ 1945ರಲ್ಲಿ ಜೀವಾವಧಿ ಶಿಕ್ಷೆ. ಪ್ರಿವಿ ಕೌನ್ಸಿಲ್‌ವರೆಗೆ ಹೋಗಿ, ಮೊಕದ್ದಮೆ ಮತ್ತೆ ಹೈಕೋರ್ಟಿಗೆ ಬಂದು, ಅವರು ಹೊರಗೆ ಬಂದದ್ದು 1947ರ ಏಪ್ರಿಲಿನಲ್ಲಿ. ಬಂಧನಕ್ಕೆ ಸ್ವಲ್ಪ ಮುಂಚೆ, 1944ರ ದೀಪಾವಳಿಗೆ ಬಿಡುಗಡೆಯಾದ ‘ಹರಿದಾಸ್’ ಮದರಾಸಿನ ಬ್ರಾಡ್‌ವೇ ಚಿತ್ರಮಂದಿರದಲ್ಲಿ ಮೂರು ದೀಪಾವಳಿ ಕಂಡಿತು. ನಾಯಕ ಜೈಲಿನಲ್ಲಿ, ಪರದೆಯ ಮೇಲೆ ಅವನ ಹಾಡು ನಡೀತಾನೇ ಇತ್ತು. ಅವರು ಒಪ್ಪಿಕೊಂಡಿದ್ದ ಚಿತ್ರಗಳು ಬೇರೆಯವರ ಕೈಗೆ ಹೋದವು. ‘ಉದಯಣನ್ ವಾಸವದತ್ತ’ ಸಂಗೀತ ವಿದ್ವಾಂಸ ಜಿ.ಎನ್. ಬಾಲಸುಬ್ರಹ್ಮಣ್ಯಂ ಅವರಿಗೆ ಹೋಯಿತು. ಜುಪಿಟರಿನ ‘ಶ್ರೀ ಮುರುಗನ್’ ಹೊನ್ನಪ್ಪನವರಿಗೆ ಬಂತು. ‘ಬದಲಿ’ ಅನ್ನೋ ಮಾತಿಗೆ ಆಧಾರ ಇದು, ಮತ್ತು ಇಷ್ಟರ ಮಟ್ಟಿಗೆ ಅದು ನಿಜ.

ಆದರೆ ಇನ್ನೊಂದು ಸಾಲು ನೋಡಿ. ಮಾಡರ್ನ್ ಥಿಯೇಟರ್ಸಿನ ‘ಅರುಂಧತಿ’ಯಲ್ಲಿ ಹೊನ್ನಪ್ಪ, ಯು.ಆರ್. ಜೀವರತ್ನಂ ಜೋಡಿ ಬಂದದ್ದು 1943. ಟಿ.ಆರ್. ರಘುನಾಥ್ ನಿರ್ದೇಶನದ ‘ಪ್ರಭಾವತಿ’ 1944, ನಾಯಕಿ ಟಿ.ಆರ್. ರಾಜಕುಮಾರಿ, ಅಂದ್ರೆ ‘ಹರಿದಾಸ್’ನ ರಾಜಕುಮಾರಿಯೇ. ಇವೆರಡೂ ಕೊಲೆ ಮೊಕದ್ದಮೆಗೂ ಮುಂಚೆ ಶುರುವಾದ ಕೆಲಸ. 1945ರ ‘ಬರ್ಮಾ ರಾಣಿ’ಯಂತೂ ಭಾಗವತರ್ ಮಾದರಿಯ ಭಕ್ತಿ ಚಿತ್ರವೇ ಅಲ್ಲ. ಅದು ಯುದ್ಧ ಪ್ರಚಾರದ ಚಿತ್ರ, ಜಪಾನೀಯರ ಕೈಗೆ ಸಿಕ್ಕ ಬರ್ಮಾದಲ್ಲಿ ನಡೆಯುವ ಕಥೆ. ಕಚ್ಚಾ ಫಿಲ್ಮಿಗೆ ಸರ್ಕಾರದ ಲೈಸೆನ್ಸ್ ಬೇಕಾಗಿದ್ದ ಕಾಲ, ಹನ್ನೊಂದು ಸಾವಿರ ಅಡಿ ಮೀರಬಾರದು ಅನ್ನೋ ಕಟ್ಟಳೆ 1943ರಿಂದ. ಅಂದ್ರೆ ಎರಡು ಗಂಟೆ ಚಿತ್ರ. ಯುದ್ಧಕ್ಕೆ ನೆರವಾಗುವ ಚಿತ್ರ ತೆಗೀರಿ ಅಂತ ನಿರ್ಮಾಪಕರ ಮೇಲೆ ಒತ್ತಡವೂ ಇತ್ತು. ಅಂಥ ಚಿತ್ರದಲ್ಲಿ ಸುಂದರಂ ಸ್ವತಃ ಜಪಾನಿ ಅಧಿಕಾರಿಯ ವೇಷ ಹಾಕಿ, ತರುಣ ನಾಯಕನ ಪಾತ್ರಕ್ಕೆ ಹೊನ್ನಪ್ಪನವರನ್ನ ತಗೊಂಡರು. ಇಲ್ಲಿ ಯಾರ ಬದಲಿ?

ಆದ್ದರಿಂದ ನಾನು ಹೇಳೋದು ಇಷ್ಟು: ‘ಶ್ರೀ ಮುರುಗನ್’ ಕೈಗೆ ಬಂದಾಗ ಹೊನ್ನಪ್ಪ ಸಿಕ್ಕಿದ ಖಾಲಿ ಕುರ್ಚಿಯಲ್ಲಿ ಕೂತ ಹೊಸಬ ಅಲ್ಲ. ಎರಡು ದೊಡ್ಡ ಸ್ಟುಡಿಯೋ ಊರುಗಳಿಗೂ ಪರಿಚಿತನಾದ, ನಾಯಕನಾಗಿ ಗೊತ್ತಿದ್ದ ನಟ. ಗೊತ್ತಿದ್ದರಿಂದಲೇ ಅವರನ್ನ ಕರೆದರು. 1946ರಲ್ಲೇ ‘ವಾಲ್ಮೀಕಿ’ಯೂ ಬಂತು, ನಿರ್ದೇಶಕ ಸುಂದರರಾವ್ ನಾಡಕರ್ಣಿ. ಮಂಗಳೂರು ಮೂಲದವರು, ‘ಹರಿದಾಸ್’ ನಿರ್ದೇಶಿಸಿದವರೂ ಅವರೇ. ಅವರು ಹೊನ್ನಪ್ಪನವರ ಜೊತೆ ಸೆಟ್ಟಿನಲ್ಲಿ ಯಾವ ಭಾಷೆ ಆಡ್ತಿದ್ದರೋ, ಆ ಮಾತು ಕೇಳಿಸಿಕೊಳ್ಳೋ ಆಸೆ ನನಗೆ.

ಈಗ ಕಷ್ಟದ ಪ್ರಶ್ನೆ. ಇಷ್ಟೆಲ್ಲ ಇದ್ದೂ ನಾಯಕತ್ವ ಯಾಕೆ ಅಷ್ಟು ಬೇಗ ಮುಗೀತು? 1943ರಿಂದ 1946ರವರೆಗಿನ ದಟ್ಟಣೆ ಆಮೇಲೆ ತೆಳುವಾಗುತ್ತೆ. ಬದಲಿ ಸಿದ್ಧಾಂತದ ಪ್ರಕಾರ ಮೂಲ ಪುರುಷ ವಾಪಸ್ ಬಂದ, ಬದಲಿ ಹೋದ, ಹೀಗಾಗಬೇಕಿತ್ತು. ತ್ಯಾಗರಾಜ ಭಾಗವತರ್ ವಾಪಸ್ ಬಂದದ್ದೇನೋ ನಿಜ. ಆದರೆ 1948ರ ‘ರಾಜಮುಕ್ತಿ’ ನಡೀಲಿಲ್ಲ, 1952ರ ‘ಅಮರಕವಿ’, ‘ಶ್ಯಾಮಳಾ’ ಅವರನ್ನ ಮೇಲೆತ್ತಲಿಲ್ಲ, 1959ರಲ್ಲಿ ಅವರು ತೀರಿಕೊಂಡರು. ಮೂಲ ಪುರುಷನಿಗೇ ಕುರ್ಚಿ ಸಿಗಲಿಲ್ಲ ಅಂದ ಮೇಲೆ, ಮಾಯವಾದದ್ದು ಆ ಕುರ್ಚಿಯೇ.

ಅದು ಮಾಯವಾಗ್ತಿರೋದನ್ನ ‘ಶ್ರೀ ಮುರುಗನ್’ ಒಳಗೇ ಕಾಣಬಹುದು. ಆ ಚಿತ್ರದಲ್ಲಿ ಶಿವನ ವೇಷ ಎಂ.ಜಿ. ರಾಮಚಂದ್ರನ್ ಅವರದು, ಪಾರ್ವತಿ ಕೆ. ಮಾಲತಿ. ಇಬ್ಬರ ಶಿವ-ಪಾರ್ವತಿ ನೃತ್ಯ ಜುಪಿಟರಿನವರ ಕಣ್ಣಿಗೆ ಬಿತ್ತು. ಮರುವರ್ಷ, 1947ರಲ್ಲಿ, ಅದೇ ಜುಪಿಟರ್, ಅದೇ ಸೆಂಟ್ರಲ್ ಸ್ಟುಡಿಯೋದಲ್ಲಿ ‘ರಾಜಕುಮಾರಿ’ ತೆಗೆದರು: ನಾಯಕ ಎಂಜಿಆರ್, ನಾಯಕಿ ಮಾಲತಿ, ನಿರ್ದೇಶನ ಎ.ಎಸ್.ಎ. ಸಾಮಿ, ಸಂಭಾಷಣೆಯಲ್ಲಿ ತರುಣ ಎಂ. ಕರುಣಾನಿಧಿಯ ಕೈ. ಸಾಮಿ ಮೊದಲು ಮನಸ್ಸಿನಲ್ಲಿಟ್ಟುಕೊಂಡದ್ದು ಪಿ.ಯು. ಚಿನ್ನಪ್ಪ, ಟಿ.ಆರ್. ರಾಜಕುಮಾರಿ ಜೋಡಿಯನ್ನ. ಸೋಮಸುಂದರಂ ಕಂಪನಿಯ ಸಂಬಳದಲ್ಲಿರುವವರನ್ನೇ ಹಾಕಿ ಅಂದರು. ನನಗೆ ಈ ಚಿತ್ರದಲ್ಲಿ ಎಲ್ಲಕ್ಕಿಂತ ಮುಖ್ಯವಾಗಿ ಕಾಣೋದು ಒಂದು ಚಿಕ್ಕ ವಿವರ: ಎಂಜಿಆರ್ ಪರವಾಗಿ ಹಾಡಿದವರು ಎಂ.ಎಂ. ಮಾರಿಯಪ್ಪ. ನಾಯಕ ಹಾಡಬೇಕಾಗಿಲ್ಲ. ಕುದುರೆ ಹತ್ತಬೇಕು, ಕತ್ತಿ ಹಿಡೀಬೇಕು, ಮಾತು ಸ್ಪಷ್ಟವಾಗಿರಬೇಕು.

ಹಾಡಿಗೂ ಮುಖಕ್ಕೂ ಬಿದ್ದ ಈ ಬಿರುಕು ಒಂದೇ ದಿನದಲ್ಲಿ ಬಿದ್ದದ್ದಲ್ಲ. 1938ರ ‘ನಂದಕುಮಾರ್’ನಲ್ಲೇ ಮೆಯ್ಯಪ್ಪನ್ ಹಿನ್ನೆಲೆ ಗಾಯನದ ಪ್ರಯೋಗ ಮಾಡಿದ್ದರು. 1945ರ ‘ಶ್ರೀವಳ್ಳಿ’ಯಲ್ಲಿ ನಾಯಕಿ ರುಕ್ಮಿಣಿಯ ಹಾಡುಗಳಿಗೆ ಪಿ.ಎ. ಪೆರಿಯನಾಯಕಿಯವರ ಧ್ವನಿ ಕೂಡಿಸಿದರು. 1949ರ ಹೊತ್ತಿಗೆ ಇದೇ ಜುಪಿಟರ್ ಅಣ್ಣಾದುರೈ ಅವರ ‘ವೇಲೈಕ್ಕಾರಿ’ ತೆಗೀತು, ಜನ ಕಿವಿಗೊಟ್ಟದ್ದು ಸಂಭಾಷಣೆಗೆ. ‘ಭಾಗವತರ್’ ಅನ್ನೋ ಬಿರುದೇ ನಟನ ಅರ್ಹತೆಯಾಗಿದ್ದ ಕಾಲ ಹೋಯಿತು. ಇನ್ನು ನನ್ನ ಊಹೆ, ಊಹೆ ಅಂತಲೇ ಹೇಳ್ತೀನಿ: ಹಾಡಿನಲ್ಲಿ ಪರಭಾಷಿಕನ ಉಚ್ಚಾರ ಕರಗಿಹೋಗುತ್ತೆ, ಅದರಲ್ಲೂ ಶಾಸ್ತ್ರೀಯ ಧಾಟಿಯ ಹಾಡಿನಲ್ಲಿ. ಪ್ರಾಸಬದ್ಧ, ಉದ್ದುದ್ದ ತಮಿಳು ಸಂಭಾಷಣೆಯಲ್ಲಿ ಕರಗೋದಿಲ್ಲ. ಮಲಯಾಳಿ ಮನೆಯ ಎಂಜಿಆರ್ ತಮಿಳು ನಾಟಕ ಕಂಪನಿಗಳಲ್ಲಿ ಬಾಲ್ಯದಿಂದ ಬೆಳೆದವರು, ಅವರಿಗೆ ಈ ತೊಡಕಿರಲಿಲ್ಲ. ಗುಬ್ಬಿ ಬಳಗದಿಂದ ಬಂದವರಿಗೆ ಇದ್ದಿರಬಹುದು. ಸ್ವಾಶೆಂಕೊ ಜೊತೆ ಇಟ್ಟು ನೋಡಿದರೆ ತಿರುವು ಕುತೂಹಲಕರ. ಅಲ್ಲಿ ಮೂಕಿ ಹೋಗಿ ವಾಕ್ಚಿತ್ರ ಬಂದಾಗ ಮುಖವನ್ನೇ ನಂಬಿದ್ದವನ ಕಾಲ ಮುಗೀತು. ಇಲ್ಲಿ ವಾಕ್ಚಿತ್ರದ ಒಳಗೇ ಹಾಡಿನಿಂದ ಮಾತಿಗೆ ಹೊರಳಿದಾಗ ಕಂಠವನ್ನೇ ನಂಬಿದ್ದವನ ಕಾಲ ಮುಗೀತು.

ಆದರೆ ಇಲ್ಲಿಗೆ ‘ಕಿರು’ ಅನ್ನೋ ವಿಶೇಷಣ ಬಿಟ್ಟುಬಿಡಬೇಕಾಗುತ್ತೆ, ಯಾಕಂದ್ರೆ ಹೊನ್ನಪ್ಪನವರಿಗೆ ಹೋಗೋಕೆ ಇನ್ನೊಂದು ಊರಿತ್ತು. ತಮಿಳಿನಲ್ಲಿ ಓಡಾಡ್ತಿದ್ದಾಗಲೇ ಗುಬ್ಬಿಯವರ ‘ಹೇಮರೆಡ್ಡಿ ಮಲ್ಲಮ್ಮ’ದಲ್ಲಿ ಅವರಿದ್ದರು. 1949ರಲ್ಲಿ ‘ಭಕ್ತ ಕುಂಬಾರ’. 1953ರಲ್ಲಿ ಎಚ್.ಎಲ್.ಎನ್. ಸಿಂಹ ಅವರ ‘ಗುಣಸಾಗರಿ’, ತಮಿಳಿನಲ್ಲಿ ಅದೇ ‘ಸತ್ಯ ಶೋಧನೈ’. 1955ರಲ್ಲಿ ತಾವೇ ನಿರ್ಮಿಸಿದ ‘ಮಹಾಕವಿ ಕಾಳಿದಾಸ’, ನಿರ್ದೇಶಕ ಕು.ರ. ಸೀತಾರಾಮಶಾಸ್ತ್ರಿ. ಅದಕ್ಕೆ ರಾಷ್ಟ್ರಮಟ್ಟದ ಮನ್ನಣೆಯೂ ಸಿಕ್ಕಿತು. ಆ ಚಿತ್ರದಲ್ಲಿ ಅವರು ಪರಿಚಯಿಸಿದ ಹುಡುಗಿ ಬಿ. ಸರೋಜಾದೇವಿ. ಮೂರು ವರ್ಷದ ಮೇಲೆ ಅದೇ ಸರೋಜಾದೇವಿ ಎಂಜಿಆರ್ ನಿರ್ದೇಶಿಸಿದ ‘ನಾಡೋಡಿ ಮನ್ನನ್’ನಲ್ಲಿ ನಾಯಕಿ. ‘ಶ್ರೀ ಮುರುಗನ್’ ಸೆಟ್ಟಿನಲ್ಲಿ ಮುರುಗ, ಶಿವ ಆಗಿದ್ದ ಇಬ್ಬರ ನಡುವೆ ಇಂಥ ಒಂದು ಕೊಂಡಿ.

ಕನ್ನಡದಲ್ಲೂ ಕಾಲ ಅದೇ ದಿಕ್ಕಿಗೆ ಹೊರಳ್ತಿತ್ತು, ಸ್ವಲ್ಪ ತಡವಾಗಿ. 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜಕುಮಾರ್ ಮುಖಕ್ಕೆ ಸಿ.ಎಸ್. ಜಯರಾಮನ್ ಕಂಠ. ರಂಗಭೂಮಿಯಲ್ಲಿ ಹಾಡಿಕೊಂಡೇ ಬೆಳೆದ ರಾಜಕುಮಾರ್‌ಗೂ ಸಿನಿಮಾದಲ್ಲಿ ಸ್ವಂತ ಧ್ವನಿ ನೆಲೆಯಾಗೋಕೆ 1974ರ ‘ಸಂಪತ್ತಿಗೆ ಸವಾಲ್’ವರೆಗೆ ಕಾಯಬೇಕಾಯ್ತು. 1959ರ ‘ಜಗಜ್ಯೋತಿ ಬಸವೇಶ್ವರ’ದಲ್ಲಿ ಇಬ್ಬರೂ ಎದುರುಬದುರು: ಬಸವಣ್ಣ ಹೊನ್ನಪ್ಪ, ಬಿಜ್ಜಳ ರಾಜಕುಮಾರ್. ಆ ದೃಶ್ಯಗಳನ್ನ ನಾನು ನೋಡುವಾಗ ಕಥೆಗಿಂತ ಹೆಚ್ಚಾಗಿ ಎರಡು ನಮೂನೆಯ ನಾಯಕರು ಒಂದೇ ಚೌಕಟ್ಟಿನಲ್ಲಿ ನಿಂತದ್ದು ಕಾಣುತ್ತೆ. ಇದು ನನ್ನ ಅತಿಯಾದ ಓದಿರಬಹುದು, ಮೇಡಂ ತಲೆ ಆಡಿಸ್ತಿದ್ದಾರೆ, ಯಾವ ಕಡೆಗೆ ಅಂತ ಸ್ಕ್ರೀನಿನಲ್ಲಿ ತಿಳೀತಿಲ್ಲ.

ನನ್ನ ಮಾತು ಇಷ್ಟು. ಪ್ರಶ್ನೆಗಳಿದ್ದರೆ ದಯವಿಟ್ಟು ಕೇಳಿ.

ಪ್ರಶ್ನೆ (ವಿಭಾಗದ ಅಧ್ಯಾಪಕರು): ಹಾಡುವ ನಾಯಕನ ಕಾಲ 1947ಕ್ಕೆ ಮುಗೀತು ಅನ್ನೋದಾದ್ರೆ ಟಿ.ಆರ್. ಮಹಾಲಿಂಗಂ ಅವರನ್ನ ಏನು ಮಾಡ್ತೀಯಪ್ಪಾ? ‘ಶ್ರೀವಳ್ಳಿ’, ‘ನಾಮ್ ಇರುವರ್’ ಎರಡೂ ಗೆದ್ದವಲ್ಲ.

ಉತ್ತರ: ಸರ್, ಇದು ನನ್ನ ವಾದದ ಮೆದು ಜಾಗ, ಒಪ್ಪಿಕೊಳ್ತೀನಿ. ಮಹಾಲಿಂಗಂ ಹಾಡಿಯೇ ಗೆದ್ದರು, 1947ರ ಆಚೆಗೂ ಗೆದ್ದರು. ಚಿನ್ನಪ್ಪನವರೂ 1951ರಲ್ಲಿ ತೀರಿಕೊಳ್ಳುವವರೆಗೆ ನಾಯಕರೇ. ಹಾಗಾಗಿ ‘ಮುಗೀತು’ ಅನ್ನೋದನ್ನ ‘ಕಿರಿದಾಯ್ತು’ ಅಂತ ತಿದ್ದಿಕೊಳ್ತೀನಿ. ಕಿರಿದಾದ ಜಾಗದಲ್ಲಿ ಉಳಿಯೋಕೆ ಒಂದು ಸ್ಟುಡಿಯೋ ಬೆನ್ನಿಗೆ ಬೇಕಿತ್ತು ಅಂತ ಕಾಣುತ್ತೆ. ಮಹಾಲಿಂಗಂಗೆ ಮೆಯ್ಯಪ್ಪನ್ ಇದ್ದರು. ಎಂಜಿಆರ್‌ಗೆ ನಾಯಕಪಾತ್ರ ಸಿಕ್ಕಿದ್ದೂ ಜುಪಿಟರ್ ಸಂಬಳದವರು ಅನ್ನೋ ಕಾರಣಕ್ಕೆ. ಹೊನ್ನಪ್ಪ ಸೇಲಂ, ಕೊಯಮತ್ತೂರು ಎರಡೂ ಕಡೆ ಕೆಲಸ ಮಾಡಿದ ನಟ. ಆ ಓಡಾಟ 1943ರಲ್ಲಿ ಅನುಕೂಲ, 1947ರಲ್ಲಿ ಅನನುಕೂಲ.

ಪ್ರಶ್ನೆ (ಸಹಪಾಠಿ): ಅಜ್ಜಿಯ ಮಾತನ್ನ ಸಾಕ್ಷ್ಯ ಅಂತ ತಗೊಳ್ಳಬಹುದಾ? ಚಿತ್ರ ತಮಿಳು, ಹಾಡು ತಮಿಳು. ಅವರಿಗೆ ಆತ ಕನ್ನಡದವನು ಅಂತ ಆಗಲೇ ಹೇಗೆ ಗೊತ್ತಾಯ್ತು?

ಉತ್ತರ: ಇದನ್ನ ನಾನೂ ಅಜ್ಜಿಯನ್ನೇ ಕೇಳಿದ್ದೆ, ಅವರು ಬದುಕಿದ್ದಾಗ. ‘ಎಲ್ಲಾರೂ ಹೇಳ್ತಿದ್ರು’ ಅಂದರು. ಚಿತ್ರ ನೋಡಿದಾಗಲೇ ಗೊತ್ತಿತ್ತೋ, ಹತ್ತು ಹದಿನೈದು ವರ್ಷ ಬಿಟ್ಟು ‘ಕಾಳಿದಾಸ’ದ ಹೆಸರು ಕೇಳಿ ಹಿಂದಕ್ಕೆ ಹೊಂದಿಸಿಕೊಂಡರೋ, ಆ ಮಾತಿನಿಂದ ತೀರ್ಮಾನಿಸೋಕೆ ಆಗೋದಿಲ್ಲ. ಆದ್ದರಿಂದ 1946ರ ಬಗ್ಗೆ ಅದನ್ನ ಸಾಕ್ಷ್ಯ ಮಾಡಿಲ್ಲ. ತಾರೀಖಿನ ವಾದದಲ್ಲಿ ಅಜ್ಜಿ ಎಲ್ಲೂ ಇಲ್ಲ, ನೋಡಿ. ಆದರೆ ಒಂದು ಗಮನಿಸಬೇಕು. ‘ಯಾರ ಬದಲಿಗೆ’ ಅನ್ನೋದು ಆ ನೆನಪಿನಲ್ಲಿ ಉಳಿದೇ ಇರಲಿಲ್ಲ. ನಾನು ತ್ಯಾಗರಾಜ ಭಾಗವತರ್ ಹೆಸರು ಎತ್ತಿದಾಗ ಅಜ್ಜಿ, “ಅವ್ರು ಹರಿದಾಸು, ಅವ್ರು ಬ್ಯಾರೆ” ಅಂದು, ಒಲೆ ಮೇಲೆ ಹಾಲಿಟ್ಟಿದ್ದೀನಿ ಅಂತ ಎದ್ದು ಹೋದರು.